ಹೆಚ್ಚುವರಿ ಉಸಿರು

ನಮ್ಮ ಕಚೇರಿಯಲ್ಲಿ ಯಾರಿಗೂ ಉಸಿರಾಟದ ತೊಂದರೆ ಇಲ್ಲ ಎಂಬುದನ್ನು ಸಂಬಂಧಪಟ್ಟ ಎಲ್ಲರ ಗಮನಕ್ಕೆ ಈ ಮೂಲಕ ತರಲಾಗುತ್ತಿದೆ. ಮೆಟ್ಟಿಲುಗಳಲ್ಲಿ ಸ್ವಲ್ಪ ದೋಷ ಕಂಡುಬಂದಿತ್ತು. ಅವುಗಳಿಗೆ ಬಾಗಿಲು ಇಡಿಸಿ ಬೀಗ ಹಾಕಲಾಗಿದೆ.

ಹೊರಗಿನ ಜನ ಬಾಯಿಗೆ ಬಂದದ್ದು ಮಾತಾಡುತ್ತಾರೆ. ಆಡುವವರ ಬಾಯಿಗೆ ಬೀಗ ಹಾಕುವುದಕ್ಕೆ ನಮ್ಮಲ್ಲಿ ಇನ್ನೊಂದು ಬೀಗ ಇಲ್ಲ. ಆದ್ದರಿಂದ ನಡೆದದ್ದನ್ನು ನಡೆದ ಹಾಗೆ ಬರೆದಿಡುವುದು ಈ ಕಚೇರಿಯ ಹೆಡ್ ಗುಮಾಸ್ತನಾದ ನನ್ನ ಕರ್ತವ್ಯ. ನಾನೇನು ನಿನ್ನೆ ಮೊನ್ನೆ ಪೆನ್ನು ಹಿಡಿದವನಲ್ಲ. ಸಭೆಯಲ್ಲಿ ಯಾರ ಬಾಯಿಂದ ಏನು ಉದುರಿದರೂ ಅದು ನೆಲ ಮುಟ್ಟುವ ಮೊದಲೇ ನನ್ನ ನಡಾವಳಿಗೆ ಸೇರಿರುತ್ತದೆ. ನಾನು ಬರೆದ ನಡಾವಳಿಯಲ್ಲಿ ಒಂದಕ್ಷರ ತಪ್ಪಿದೆ ಎಂದು ಇವತ್ತಿನವರೆಗೆ ಯಾವ ಹುಟ್ಟಿದ ಮಗನೂ ತೋರಿಸಿಲ್ಲ.

ನಮ್ಮದು ಧೂಮಪಾನ ನಿಯಂತ್ರಣ ಕಚೇರಿ. ಆಗ ಅದು ಮೂರನೇ ಮಹಡಿಯಲ್ಲಿತ್ತು. ಶತ್ರುವಿನ ಬಲ ತಿಳಿಯದೆ ಯುದ್ಧಕ್ಕೆ ಇಳಿಯಬಾರದು ಎಂದು ನಿರ್ದೇಶಕರು ಬೆಳಗ್ಗೆಯಿಂದ ಸಂಜೆಯವರೆಗೆ ಸಿಗರೇಟು ಸೇದುತ್ತಿದ್ದರು. ನಿರ್ದೇಶಕರನ್ನು ಒಬ್ಬಂಟಿಯಾಗಿ ಯುದ್ಧಕ್ಕೆ ಬಿಡಬಾರದೆಂದು ನಾವೂ ಸೇದುತ್ತಿದ್ದೆವು. ಸೇದದೆ ಇದ್ದವರು ಒಬ್ಬರೇ, ಎದೆ ರೋಗದ ಆಸ್ಪತ್ರೆಯಿಂದ ನಮಗೆ ಎರವಲು ಕೊಟ್ಟಿದ್ದ ಡಾಕ್ಟರಮ್ಮ. ಅವರನ್ನು ಕಿಟಕಿಯ ಪಕ್ಕ ಕೂರಿಸಿದ್ದೆವು.

ಹೀಗೆ ಎಲ್ಲವೂ ಸುಸೂತ್ರವಾಗಿ ನಡೆಯುತ್ತಿರುವಾಗ ಮೇಲಿನಿಂದ ಒಂದು ಸುತ್ತೋಲೆ ಬಂತು. ಧೂಮಪಾನ ನಿಯಂತ್ರಣ ಕಚೇರಿಯವರು ಮೊದಲು ತಮ್ಮ ಧೂಮಪಾನವನ್ನು ನಿಯಂತ್ರಿಸಿಕೊಳ್ಳತಕ್ಕದ್ದು. ಇನ್ನು ಮುಂದೆ ಯಾವ ನೌಕರನೂ ದಿನಕ್ಕೆ ಒಂದಕ್ಕಿಂತ ಹೆಚ್ಚು ಸೇದತಕ್ಕದ್ದಲ್ಲ. ತಪ್ಪಿದಲ್ಲಿ ಕಚೇರಿಯನ್ನೇ ಮುಚ್ಚಲಾಗುವುದು.

ನಿರ್ದೇಶಕರು ಆ ದಿನ ಒಂದೇ ಒಂದು ಸಿಗರೇಟನ್ನು ಮೇಜಿನ ಮೇಲಿಟ್ಟುಕೊಂಡು ಅದರ ಮುಖ ನೋಡುತ್ತಾ ಕುಳಿತರು. ಬೆಳಗ್ಗೆಯೇ ಸೇದಿ ಮುಗಿಸಿದರೆ ಮಧ್ಯಾಹ್ನ ಏನು ಗತಿ? ಮಧ್ಯಾಹ್ನಕ್ಕೆ ಇಟ್ಟುಕೊಂಡರೆ ಬೆಳಗ್ಗೆ ಏನು ಗತಿ? ಕಚೇರಿಯ ಕೆಲಸ ನಿಂತುಹೋಯಿತು. ಮೊದಲೂ ನಿಂತೇ ಇತ್ತು, ಆದರೆ ನಿಂತಿದೆ ಎಂದು ನಮಗೆ ಗೊತ್ತಾದದ್ದು ಅವತ್ತೇ.

ಆಗ ನಮ್ಮ ಉಗ್ರಾಣದವನು ಬಾಗಿಲಲ್ಲಿ ಬಂದು ನಿಂತು ತಲೆ ಕೆರೆದುಕೊಂಡ.

"ಸಾರ್, ಒಂದು ಮಾತು. ಕೋಪ ಮಾಡ್ಕೋಬಾರ್ದು."

"ಹೇಳಯ್ಯ, ಇನ್ನೇನು ಉಳಿದಿದೆ ಕೋಪ ಮಾಡ್ಕೊಳ್ಳೋಕೆ?"

"ಸಿಗರೇಟು ಅಂದ್ರೆ ಹಚ್ಚೋದೊಂದೇ ತಡ, ಬೂದಿ. ನಮ್ಮ ಉಗ್ರಾಣದಲ್ಲಿ ಅಂಗಡಿಗಳಿಂದ ಜಪ್ತಿ ಮಾಡಿದ ಹುಕ್ಕಾಗಳು ಧೂಳು ತಿಂತಾ ನಿಂತಿವೆ. ಅದರಲ್ಲಿ ಒಂದು ಹಚ್ಚಿದ್ರೆ, ಕೆಂಡ ಹಾಕ್ತಾ ಇದ್ರೆ ಸಾರ್, ಕಚೇರಿ ಬಾಗಿಲು ಹಾಕೋವರೆಗೂ ಬರುತ್ತೆ. ಆದ್ರೂ ಲೆಕ್ಕಕ್ಕೆ ಒಂದೇ."

ನಿರ್ದೇಶಕರು ನಿಧಾನವಾಗಿ ತಲೆ ಎತ್ತಿದರು. "ಒಂದೇ?"

"ಒಂದೇ ಸಾರ್. ಅದೂ ತಲೆಗೊಂದಲ್ಲ, ಎಲ್ಲರಿಗೂ ಸೇರಿ ಒಂದು."

ನಾನು ಅಲ್ಲೇ ಭಾಗಾಕಾರ ಮಾಡಿ ನೋಡಿದೆ. ಇಡೀ ಕಚೇರಿಗೆ ಒಂದು ಎಂದರೆ ತಲೆಗೆ ಸಿಗುವುದು ಚೂರುಪಾರು. ಸುತ್ತೋಲೆಯವರು ಒಂದು ಎಂದರೆ ನಾವು ಒಂದರಲ್ಲೂ ಒಂದು ಎಳೆ! ನಮ್ಮಷ್ಟು ಕಡಿಮೆ ಸೇದುವ ಕಚೇರಿ ಈ ಭೂಮಿಯ ಮೇಲೆ ಇರಲಾರದು ಎಂದು ಹೆಮ್ಮೆಯಿಂದ ನನ್ನ ಎದೆ ಉಬ್ಬಿತು. ಎದೆ ಉಬ್ಬುತ್ತಿದ್ದ ಕಾಲವದು.

ಆದರೂ ನಾವು ಜವಾಬ್ದಾರಿಯುಳ್ಳ ಕಚೇರಿಯವರು, ವಿಚಾರಿಸದೆ ಏನನ್ನೂ ಬಾಯಿಗೆ ಇಟ್ಟುಕೊಳ್ಳುವವರಲ್ಲ. ಸಿಗರೇಟು ಮತ್ತು ಹುಕ್ಕಾಗಳ ಪೈಕಿ ಆರೋಗ್ಯಕ್ಕೆ ಯಾವುದು ಕಡಿಮೆ ಅಪಾಯಕಾರಿ ಎಂದು ನಿಷ್ಪಕ್ಷಪಾತವಾಗಿ ತೀರ್ಮಾನಿಸಲು ಒಂದು ತುಲನಾ ಸಮಿತಿಯನ್ನು ರಚಿಸಲಾಯಿತು. ಸಭೆ ಶುರುವಾಗುವ ಹೊತ್ತಿಗೆ ಉಗ್ರಾಣದವನು ಒಂದು ಹುಕ್ಕಾವನ್ನು ತೊಳೆದು, ನೀರು ತುಂಬಿಸಿ, ಮೇಲೆ ಕೆಂಡ ಇಟ್ಟು ತಯಾರು ಮಾಡಿದ್ದ. ನಿಷ್ಪಕ್ಷಪಾತವಾಗಿರಲಿ ಎಂದು ಪಕ್ಕದಲ್ಲಿ ಒಂದು ಸಿಗರೇಟನ್ನೂ ಇಟ್ಟಿದ್ದೆವು.

"ಹೇಳಿ ಡಾಕ್ಟ್ರಮ್ಮ, ಹುಕ್ಕಾ ಸಿಗರೇಟಿಗಿಂತ ವಾಸಿ ತಾನೆ?" ಎಂದರು ನಿರ್ದೇಶಕರು.

"ಖಂಡಿತ ಇಲ್ಲ ಸಾರ್. ಎಲ್ಲರೂ ಹಾಗಂದ್ಕೊಂಡೇ ಕೆಡೋದು. ಒಂದು ಸಿಗರೇಟು ಅಂದ್ರೆ ಹತ್ತು ಹನ್ನೆರಡು ದಮ್ಮಿಗೆ ಮುಗೀತು. ಹುಕ್ಕಾ ಮುಂದೆ ಒಂದು ಗಂಟೆ ಕೂತ್ರೆ ನೂರು ದಮ್ಮು ದಾಟುತ್ತೆ, ಒಂದೊಂದು ದಮ್ಮೂ ಉದ್ದ. ಒಳಗೆ ಹೋಗೋ ಹೊಗೆ ಎಷ್ಟೋ ಪಟ್ಟು ಜಾಸ್ತಿ."

"ಆದ್ರೆ ಹೊಗೆ ನೀರಲ್ಲಿ ಸ್ನಾನ ಮಾಡ್ಕೊಂಡು ಬರುತ್ತಲ್ಲ?"

"ತಣ್ಣಗಾಗುತ್ತೆ ಸಾರ್, ಶುದ್ಧ ಆಗಲ್ಲ. ತಣ್ಣಗಿರೋದ್ರಿಂದ ಗಂಟಲು ಉರಿಯಲ್ಲ, ಇನ್ನೂ ಆಳಕ್ಕೆ ಎಳ್ಕೋತೀರ. ಕಳ್ಳ ಹೊಳೆ ದಾಟಿ ಬಂದ ಅಂತ ಸಾಧು ಆಗಿಬಿಡ್ತಾನಾ?"

"ಕಳ್ಳರ ವಿಷಯ ಪೊಲೀಸರಿಗೆ ಸೇರಿದ್ದು," ಎಂದರು ನಿರ್ದೇಶಕರು ಗಂಭೀರವಾಗಿ. "ನಮ್ಮ ವ್ಯಾಪ್ತಿಗೆ ಬರಲ್ಲ."

ನಾನು ಹಾಗೆಯೇ ಬರೆದುಕೊಂಡೆ.

ಡಾಕ್ಟರಮ್ಮ ಬಿಡಲಿಲ್ಲ. ತಂಬಾಕಿನ ಹೊಗೆಯ ಜೊತೆಗೆ ಕೆಂಡದ ವಿಷಗಾಳಿಯೂ ಸೇರಿ ಒಳಗೆ ಹೋಗುತ್ತದೆ, ತಲೆ ಸಿಡಿಯುತ್ತದೆ, ತಲೆ ಸುತ್ತುತ್ತದೆ ಎಂದರು. ಒಂದೇ ಕೊಳವೆಯನ್ನು ಹತ್ತು ಬಾಯಿಗೆ ಇಟ್ಟರೆ ಒಬ್ಬರ ರೋಗ ಹತ್ತು ಜನಕ್ಕೆ ಎಂದರು. ಹಣ್ಣಿನ ಪರಿಮಳ ಬರುತ್ತದೆ ಎಂದು ಮೋಸ ಹೋಗಬೇಡಿ, ಒಳಗಿರುವುದು ಅದೇ ತಂಬಾಕು, ಚಟ ಹಿಡಿಸುವುದೂ ಅದೇ ಎಂದರು. ಸಿಗರೇಟೇನು ಸಾಚಾ ಎಂದಲ್ಲ, ಅದೂ ಯಮನ ಮನೆಯ ನೆಂಟನೇ ಎಂದರು. ಹೇಳಿ ಹೇಳಿ ಅವರ ಮುಖ ಕೆಂಪಾಯಿತು.

"ಅದೆಲ್ಲ ಸರಿ ತಾಯಿ," ಎಂದರು ನಿರ್ದೇಶಕರು, ಕೊಳವೆಯನ್ನು ಬಾಯಿಂದ ತೆಗೆದು. "ಕೊನೇದಾಗಿ ಒಂದೇ ಮಾತಲ್ಲಿ ಹೇಳಿ, ಎರಡರಲ್ಲಿ ಯಾವುದನ್ನ ಸೇದ್ಬಹುದು?"

ಡಾಕ್ಟರಮ್ಮ ಕೈ ಮುಗಿದರು. "ಬಾವಿಗೆ ಬಿದ್ರೂ ಸಾವು, ಕೆರೆಗೆ ಬಿದ್ರೂ ಸಾವು. ಯಾವುದಕ್ಕೆ ಬೀಳ್ಲಿ ಅಂತ ನನ್ನ ಕೇಳಿದ್ರೆ ಏನ್ ಹೇಳ್ಲಿ ಸಾರ್?"

ಸಭೆಯ ನಡಾವಳಿಯನ್ನು ನಾನು ಅದೇ ದಿನ ಸಿದ್ಧಪಡಿಸಿದೆ. ಅದರ ಮುಖ್ಯ ಭಾಗ ಹೀಗಿದೆ: 'ವೈದ್ಯಾಧಿಕಾರಿಗಳು ಬಾವಿ ಮತ್ತು ಕೆರೆಗಳಿಂದ ಉಂಟಾಗುವ ಪ್ರಾಣಾಪಾಯದ ಬಗ್ಗೆ ತೀವ್ರ ಕಳವಳ ವ್ಯಕ್ತಪಡಿಸಿದರು. ಕಚೇರಿಯ ಆವರಣದಲ್ಲಿ ಬಾವಿಯಾಗಲಿ ಕೆರೆಯಾಗಲಿ ಇಲ್ಲದಿರುವುದರಿಂದ ಹುಕ್ಕಾ ಸೇದಲು ಯಾವುದೇ ಅಡ್ಡಿ ಇರುವುದಿಲ್ಲವೆಂದು ಸಭೆ ತೀರ್ಮಾನಿಸಿತು.'

ಡಾಕ್ಟರಮ್ಮ ಅದನ್ನು ಓದಿ ನನ್ನ ಮುಖ ನೋಡಿದರು. "ಹೆಡ್ ಗುಮಾಸ್ತರೇ, ನಾನು ಹೇಳಿದ್ದು ಇದಾ?"

"ಅಕ್ಷರ ಅಕ್ಷರ ಇಳಿಸಿದೀನಿ ಮೇಡಂ. ಬಾವಿ ಅಂದ್ರಿ, ಬಾವಿ ಇದೆ. ಕೆರೆ ಅಂದ್ರಿ, ಕೆರೆ ಇದೆ. ಸಾವು ಅಂದಿದ್ದನ್ನ ಪ್ರಾಣಾಪಾಯ ಅಂತ ಸ್ವಲ್ಪ ಮರ್ಯಾದೆಯಾಗಿ ಬರ್ದಿದೀನಿ, ಅಷ್ಟೆ."

ಮಾರನೇ ದಿನದಿಂದ ನಮ್ಮ ಕಚೇರಿಯಲ್ಲಿ ಸಿಗರೇಟು ನಿರ್ನಾಮವಾಯಿತು. ಕೋಣೆಯ ನಡುವೆ ಹುಕ್ಕಾ ಸ್ಥಾಪನೆಯಾಯಿತು, ಸುತ್ತ ಕುರ್ಚಿಗಳು ಬಂದವು. ಬೆಳಗ್ಗೆ ಬಂದು ಕುಳಿತರೆ ಸಂಜೆ ಏಳುವುದು. ಉಗ್ರಾಣದವನಿಗೆ ದಿನವಿಡೀ ಕೆಂಡ ಊದುವುದೇ ಕೆಲಸವಾದ್ದರಿಂದ ಅವನನ್ನು ಎಲ್ಲರೂ ಕೆಂಡಣ್ಣ ಎಂದು ಕರೆಯತೊಡಗಿದೆವು. ಧೂಮಪಾನ ನಿಯಂತ್ರಣ ಕಚೇರಿಯ ಕಿಟಕಿಯಿಂದ ಹೊಗೆ ಬರುವುದನ್ನು ಕಂಡರೆ ಸಾರ್ವಜನಿಕರು ತಪ್ಪು ತಿಳಿಯಬಹುದೆಂದು ಕಿಟಕಿಗಳನ್ನು ಮುಚ್ಚಿಸಲಾಯಿತು. ಡಾಕ್ಟರಮ್ಮ ತಮ್ಮ ಮೇಜನ್ನು ತಾವೇ ಎಳೆದುಕೊಂಡು ಹೊರಗಿನ ವರಾಂಡಕ್ಕೆ ಹೋದರು. ಹೆಂಗಸರಿಗೆ ಗಾಳಿ ಬೆಳಕು ಬೇಕು, ನಾವು ಆಕ್ಷೇಪಿಸಲಿಲ್ಲ.

ಇಲ್ಲಿ ನನ್ನ ತಾಯಿಯವರ ಪ್ರಸ್ತಾಪ ಮಾಡದೆ ವಿಧಿಯಿಲ್ಲ. ಅಮ್ಮ ನನ್ನ ಜೊತೆಯೇ ಇದ್ದಾರೆ. ಕಟ್ಟಡ ಕೆಲಸದಲ್ಲಿ ತಲೆಯ ಮೇಲೆ ಇಟ್ಟಿಗೆ ಹೊತ್ತು ನನ್ನನ್ನು ಓದಿಸಿದವರು. ನಮ್ಮ ಕಚೇರಿಯ ಕಟ್ಟಡ ಏಳುವಾಗಲೂ ಅವರು ಇಟ್ಟಿಗೆ ಹೊತ್ತಿದ್ದರು. ಈಗ ವಯಸ್ಸಾಗಿದೆ, ಹಲ್ಲು ಹೋಗಿವೆ, ಬಾಯಿ ಮಾತ್ರ ಹಾಗೇ ಇದೆ. ಮಗ ತಣ್ಣಗಿನ ಊಟ ತಿನ್ನಬಾರದೆಂದು ದಿನಾ ಮಧ್ಯಾಹ್ನ ಡಬ್ಬಿ ಹಿಡಿದುಕೊಂಡು ನಡೆದೇ ಬರುತ್ತಾರೆ. ಮೂರು ಮಹಡಿ ಎಲ್ಲೂ ನಿಲ್ಲದೆ ಹತ್ತಿ, ಹತ್ತುತ್ತಲೇ ಕೆಳಗಿನಿಂದ ನನ್ನನ್ನು ಬೈಯುತ್ತಾ ಬರುವುದು ಅವರ ಪದ್ಧತಿ.

ಹುಕ್ಕಾ ಸ್ಥಾಪನೆಯಾದ ದಿನ ಅಮ್ಮ ಡಬ್ಬಿ ಇಡುವುದಕ್ಕೆ ಬಗ್ಗಿದವರು ನನ್ನ ಅಂಗಿ ಮೂಸಿದರು.

"ಇದೇನೋ, ಹಣ್ಣಿನ ವಾಸನೆ?"

"ಹಣ್ಣು ಆರೋಗ್ಯಕ್ಕೆ ಒಳ್ಳೇದಮ್ಮ."

"ಹಣ್ಣು ತಿನ್ನೋದು ಕಣೋ ಪುಣ್ಯಾತ್ಮ, ಸುಟ್ಟು ಹೊಗೆ ಕುಡಿಯೋದಲ್ಲ. ಗುಡುಗುಡಿ ಅದು, ನಂಗೆ ಗೊತ್ತಿಲ್ವಾ? ನನ್ನ ಮೇಸ್ತ್ರಿ ಇದನ್ನೇ ಎಳೆದೂ ಎಳೆದೂ ಕೊನೆಗೆ ಒಂದು ಇಟ್ಟಿಗೆ ಎತ್ತೋಕೂ ಆಗದೆ ಕೂತ. ನಿನ್ನ ಸಿಗರೇಟು ಬಿಡಿಸೋ ದೇವರೇ ಅಂತ ಬೇಡ್ಕೊಂಡಿದ್ದೆ. ಈ ರೀತಿ ಬಿಡಿಸು ಅಂತ ಬೇಡ್ಕೊಂಡಿರಲಿಲ್ಲ."

"ಅಮ್ಮ, ಇದು ಕಚೇರಿ. ಸ್ವಲ್ಪ ಮೆತ್ತಗೆ."

"ಏನ್ ಮೆತ್ತಗೆ? ನಾಳೆ ನಾನು ಕಣ್ಣು ಮುಚ್ಚಿದ್ರೆ ಹೊರೋಕೆ ನಾಲ್ಕು ಜನ ಬೇಕು. ಅದರಲ್ಲಿ ಮೊದಲನೆಯವನು ನೀನು, ನಂಗಿರೋದು ಒಬ್ಬನೇ ಮಗ. ಹೆಗಲೊಂದಿದ್ರೆ ಸಾಲದು ಕಣೋ, ಉಸಿರೂ ಬೇಕು. ಅರ್ಧ ದಾರೀಲಿ ನನ್ನ ಇಳಿಸಿ ಕೂತ್ಕೋತೀಯಾ?"

"ಎಲ್ಲೂ ಇಳಿಸಲ್ಲಮ್ಮ. ನಿನ್ನಾಣೆ," ಎಂದೆ. ಸಭೆಯ ಹೊರಗೆ ಆಡಿದ ಮಾತಾದ್ದರಿಂದ ನಡಾವಳಿಯಲ್ಲಿ ಇಲ್ಲ, ಆದರೆ ಮಾತು ಮಾತೇ.

ಹುಕ್ಕಾ ಬಂದ ಮೇಲೆ ಕಚೇರಿಯಲ್ಲಿ ಕೆಲವು ಸಣ್ಣಪುಟ್ಟ ಬೆಳವಣಿಗೆಗಳಾದವು. ಒಂದು ಸಲ ನಿರ್ದೇಶಕರಿಗೆ ಶೀತವಾಯಿತು. ಕೊಳವೆ ನಮ್ಮಲ್ಲಿ ಹುದ್ದೆಯ ಪ್ರಕಾರ ಕೈಯಿಂದ ಕೈಗೆ ಹೋಗುವುದರಿಂದ ಶೀತವೂ ಹುದ್ದೆಯ ಪ್ರಕಾರವೇ ಹೋಯಿತು. ನಿರ್ದೇಶಕರ ನಂತರ ನನಗೆ, ನನ್ನ ನಂತರ ಕಿರಿಯ ಗುಮಾಸ್ತರಿಗೆ, ಕಡೆಗೆ ಕೆಂಡಣ್ಣನಿಗೆ. ಒಬ್ಬರನ್ನು ಹಾರಿಸಿ ಇನ್ನೊಬ್ಬರಿಗೆ ಬಂದ ಒಂದು ಉದಾಹರಣೆಯೂ ಇಲ್ಲ. ಇಂತಹ ಶಿಸ್ತಿನ ಶೀತವನ್ನು ನಾನು ಬೇರೆ ಯಾವ ಕಚೇರಿಯಲ್ಲೂ ಕಂಡಿಲ್ಲ.

ಆಮೇಲೆ ಎಲ್ಲರಿಗೂ ತಲೆನೋವು ಶುರುವಾಯಿತು. ಕೆಂಡದ ಗಾಳಿ, ಕಿಟಕಿ ತೆಗೆಯಿರಿ, ಇಲ್ಲದಿದ್ದರೆ ಒಂದು ದಿನ ಎಲ್ಲರೂ ಕೂತಲ್ಲೇ ಒರಗುತ್ತೀರಿ ಎಂದು ಡಾಕ್ಟರಮ್ಮ ವರಾಂಡದಿಂದಲೇ ಕೂಗಿದರು. ನಿರ್ದೇಶಕರು ವಿಷಯವನ್ನು ಕೂಲಂಕಷವಾಗಿ ಪರಿಶೀಲಿಸಿ, ತಲೆನೋವಿಗೆ ಫೈಲು ಓದುವುದೇ ಕಾರಣವೆಂದು ಕಂಡುಹಿಡಿದರು. ಫೈಲು ಓದುವುದನ್ನು ನಿಲ್ಲಿಸಲಾಯಿತು. ತಲೆನೋವು ನಿಲ್ಲಲಿಲ್ಲ, ಅಷ್ಟು ವರ್ಷ ಓದಿದ್ದರ ಪರಿಣಾಮ ಒಂದೇ ದಿನಕ್ಕೆ ಹೋಗುವುದೇ?

ಮೆಟ್ಟಿಲಿನ ಸಮಸ್ಯೆ ಎದುರಾದದ್ದು ಇದರ ನಂತರ. ನಾನೇ ಮೊದಲು ಗಮನಿಸಿದೆ. ಬೆಳಗ್ಗೆ ಹತ್ತುವಾಗ ಪ್ರತಿ ತಿರುವಿನಲ್ಲೂ ನಾನು ಸ್ವಲ್ಪ ಹೊತ್ತು ಗೋಡೆ ಹಿಡಿದು ನಿಲ್ಲುವುದು ರೂಢಿಯಾಗಿತ್ತು. ಉಸಿರಿಗಾಗಿ ಅಲ್ಲ, ಗೋಡೆಯ ಸುಣ್ಣ ಸರಿಯಿದೆಯೇ ಎಂದು ಪರಿಶೀಲಿಸಲು. ದಿನ ಕಳೆದಂತೆ ಇತರ ನೌಕರರೂ ಗೋಡೆ ಪರಿಶೀಲಿಸತೊಡಗಿದರು. ಒಂದು ದಿನ ನಿರ್ದೇಶಕರು ಎರಡನೇ ಮಹಡಿಯಲ್ಲೇ ಕುಳಿತು, ಮೇಲೆ ಬರಲಾಗುವುದಿಲ್ಲ, ಹುಕ್ಕಾವನ್ನೇ ಕೆಳಗೆ ಕಳಿಸಿ ಎಂದು ಹೇಳಿ ಕಳಿಸಿದರು.

ತುರ್ತು ಸಭೆ ಅಲ್ಲೇ ಮೆಟ್ಟಿಲ ಮೇಲೆ ನಡೆಯಿತು. ಈ ಕಟ್ಟಡದ ಮೆಟ್ಟಿಲುಗಳು ಇತ್ತೀಚೆಗೆ ಎತ್ತರವಾಗಿವೆ ಎಂಬ ಬಗ್ಗೆ ಸದಸ್ಯರಲ್ಲಿ ಭಿನ್ನಾಭಿಪ್ರಾಯ ಇರಲಿಲ್ಲ. ಅಷ್ಟರಲ್ಲಿ ಡಬ್ಬಿ ಹಿಡಿದು ನಮ್ಮೆಲ್ಲರನ್ನೂ ದಾಟಿಕೊಂಡು ಮೇಲೆ ಹೋಗಿ, ನನ್ನ ಮೇಜಿನ ಮೇಲೆ ಅದನ್ನಿಟ್ಟು ಮತ್ತೆ ಇಳಿದು ಬಂದ ಅಮ್ಮ ಸೊಂಟದ ಮೇಲೆ ಕೈಯಿಟ್ಟು ನಿಂತರು.

"ಮೆಟ್ಟಿಲು ಬೆಳೆಯೋಕೆ ಅದೇನು ಕುಂಬಳ ಬಳ್ಳಿಯೇನೋ? ನಾನು ಹೊತ್ತ ಇಟ್ಟಿಗೆ ಅವು. ಆವತ್ತು ಎಷ್ಟಿದ್ವೋ ಇವತ್ತೂ ಅಷ್ಟೇ ಇವೆ. ಕುಣಿಯಲಾರದವಳು ನೆಲ ಡೊಂಕು ಅಂದ್ಲಂತೆ!"

'ನೆಲವೂ ಡೊಂಕಾಗಿದೆ ಎಂದು ಕಟ್ಟಡ ಕೆಲಸದಲ್ಲಿ ಅನುಭವವುಳ್ಳ ಸಾರ್ವಜನಿಕರೊಬ್ಬರು ಗಮನಕ್ಕೆ ತಂದರು' ಎಂದು ನಡಾವಳಿಯಲ್ಲಿ ಸೇರಿಸಿದೆ. ಮೆಟ್ಟಿಲೂ ಎತ್ತರ, ನೆಲವೂ ಡೊಂಕು ಎಂದ ಮೇಲೆ ಮೂರನೇ ಮಹಡಿಯಲ್ಲಿ ಇರುವುದು ಸುರಕ್ಷಿತವಲ್ಲವೆಂದು ಕಚೇರಿಯನ್ನು ಎರಡನೇ ಮಹಡಿಗೆ ಇಳಿಸಲಾಯಿತು. ಸ್ವಲ್ಪ ದಿನಕ್ಕೆ ಅದೂ ಎತ್ತರವಾಗಿ ಮೊದಲನೆಯದಕ್ಕೆ, ಆಮೇಲೆ ನೆಲಮಟ್ಟಕ್ಕೆ ಬಂದೆವು. ಪ್ರತಿ ಸಲವೂ ಪತ್ರಿಕೆಗಳಿಗೆ ಪ್ರಕಟಣೆ ಕೊಟ್ಟೆವು: 'ಕಚೇರಿ ಜನರಿಗೆ ಇನ್ನಷ್ಟು ಹತ್ತಿರ.' ಜನ ಮೆಚ್ಚಿಕೊಂಡರು.

ಡಾಕ್ಟರಮ್ಮನಿಗೆ ಮಾತ್ರ ಸಮಾಧಾನವಿಲ್ಲ. ನಮ್ಮೆಲ್ಲರ ಉಸಿರನ್ನು ಅಳೆಯಬೇಕೆಂದು ಹಟ ಹಿಡಿದರು. ಅಳೆಯುವ ಯಂತ್ರ ಬೇಕೆಂದು ಕೇಳಿದರೆ ಮಂಜೂರಾಗಲಿಲ್ಲ. ಕಡೆಗೆ ಉಗ್ರಾಣದಿಂದ ಬಲೂನುಗಳನ್ನು ತೆಗೆಸಿದರು. ಹಿಂದೆ ಯಾವುದೋ ಜಾಗೃತಿ ಮೆರವಣಿಗೆಗೆ ಮಾಡಿಸಿದ್ದ ಕೆಂಪು ಬಲೂನುಗಳವು, ಮೇಲೆ 'ಉಸಿರು ಉಳಿಸಿ' ಎಂದು ಅಚ್ಚಾಗಿತ್ತು. ಊದುವ ಮೊದಲು ಅಕ್ಷರಗಳು ಇರುವೆಯಷ್ಟಿರುತ್ತವೆ, ಊದಿದಂತೆ ದೊಡ್ಡವಾಗುತ್ತವೆ.

"ಒಂದೇ ಉಸಿರಿಗೆ ಊದಿ. ಬರೆದಿರೋದು ನಾನು ಬಾಗಿಲಲ್ಲಿ ನಿಂತು ಓದೋ ಹಾಗಿದ್ರೆ ಶ್ವಾಸಕೋಶ ಚೆನ್ನಾಗಿದೆ ಅಂತ," ಎಂದರು.

ನಿರ್ದೇಶಕರು ಊದಿದರು. ಡಾಕ್ಟರಮ್ಮ ಬಾಗಿಲಿಂದ ಕೋಣೆಯೊಳಗೆ ಬಂದರು. ಮೇಜಿನ ಹತ್ತಿರ ಬಂದರು. ಕನ್ನಡಕ ತೆಗೆದು ಒರೆಸಿ ಹಾಕಿಕೊಂಡು, ಬಲೂನಿಗೆ ಮೂಗು ತಾಗಿಸಿ ನೋಡಿದರು.

"ಏನೂ ಕಾಣ್ತಿಲ್ಲ ಸಾರ್."

"ಪಾಪ, ಚಿಕ್ಕ ವಯಸ್ಸಿಗೇ," ಎಂದು ನಿರ್ದೇಶಕರು ಮರುಗಿ, ಡಾಕ್ಟರಮ್ಮನನ್ನು ಕಣ್ಣಿನ ತಪಾಸಣೆಗೆ ಕಳುಹಿಸುವಂತೆ ನನಗೆ ಸೂಚಿಸಿದರು.

ನನ್ನ ಸರದಿ ಬಂತು. ಕೆನ್ನೆ ನೋಯುವಷ್ಟು ಊದಿದೆ. ಬಲೂನು ನಿಂಬೆಹಣ್ಣಿನಷ್ಟಾಯಿತು, ಒಂದು ಗಳಿಗೆ ಯೋಚಿಸಿತು, ಆಮೇಲೆ ಅದೇ ನನ್ನ ಬಾಯೊಳಕ್ಕೆ ಉಸ್ ಎಂದು ಊದಿತು. ಎಲ್ಲರೂ ನೋಡುತ್ತಿದ್ದರು. ನನಗೆ ನಿಜವಾಗಿಯೂ ನಾಚಿಕೆಯಾಯಿತು, ಹೆದರಿಕೆಯೂ ಆಯಿತು. ಅಮ್ಮನಿಗೆ ಇಟ್ಟ ಆಣೆ ಯಾಕೋ ಆ ಹೊತ್ತಿಗೇ ನೆನಪಾಗಬೇಕೆ! ಆದರೆ ನನ್ನ ನಂತರ ಊದಿದವರ ಬಲೂನುಗಳೂ ನಿಂಬೆಹಣ್ಣಿನ ಮೇಲೆ ಹೋಗಲಿಲ್ಲ ಎಂದು ತಿಳಿದಾಗ ಜೀವಕ್ಕೆ ಎಷ್ಟೋ ಹಾಯೆನಿಸಿತು. ಹತ್ತು ಜನರ ಜೊತೆ ಮುಳುಗಿದರೆ ಅದಕ್ಕೆ ಜಾತ್ರೆ ಎನ್ನುತ್ತಾರೆ.

"ನೋಡಿ, ಇದು ಹುಕ್ಕಾ ಮಾಡಿದ್ದು," ಎಂದರು ಡಾಕ್ಟರಮ್ಮ. "ಸಾಮಾನ್ಯ ಉಸಿರು ಹೀಗಿರಲ್ಲ."

"ಸಾಮಾನ್ಯ ಉಸಿರು ಅಂದ್ರೆ ಎಷ್ಟು? ನಮ್ಮ ನಿಯಮದಲ್ಲಿ ಎಲ್ಲಾದ್ರೂ ಬರ್ದಿದೆಯೇನ್ರೀ?" ಎಂದು ನಿರ್ದೇಶಕರು ನನ್ನ ಕಡೆ ತಿರುಗಿದರು.

ನಾನು ಇಲ್ಲವೆಂದೆ. ಬರೆದಿಲ್ಲದಿದ್ದರೆ ಬರೆಯಬೇಕಾದದ್ದೇ. ಕಚೇರಿಯ ಬಹುಮತದ ಬಲೂನು ಎಷ್ಟಿದೆಯೋ ಅಷ್ಟೇ ಸಾಮಾನ್ಯ ಉಸಿರು ಎಂದು ಅಂದೇ ನಿಯಮ ಮಾಡಲಾಯಿತು. ಅಳತೆಗೆಂದು ಕೆಂಡಣ್ಣ ಮಾರುಕಟ್ಟೆಯಿಂದ ಒಂದು ನಿಂಬೆಹಣ್ಣು ತಂದು ಗಾಜಿನ ಬಟ್ಟಲಲ್ಲಿ ಇಟ್ಟ. ನಿಯಮ ಜಾರಿಗೆ ಬಂದ ಕ್ಷಣದಿಂದ ನಾವೆಲ್ಲರೂ ಆರೋಗ್ಯವಂತರಾದೆವು. ಅಷ್ಟು ಬೇಗ ಗುಣವಾದ ರೋಗಿಗಳನ್ನು ಡಾಕ್ಟರಮ್ಮ ತಮ್ಮ ಆಸ್ಪತ್ರೆಯಲ್ಲೂ ನೋಡಿರಲಾರರು.

ಇದಾದ ಮೇಲೆ, ಇಡೀ ಕಚೇರಿಗೆ ದಿನಕ್ಕೆ ಒಂದೇ ಎಂಬ ನಮ್ಮ ಲೆಕ್ಕ ನೋಡಿ ಮೇಲಿನವರಿಂದ ಒಂದು ಫಲಕ ಬಂತು, 'ಅತಿ ಕಡಿಮೆ ಸೇದುವ ಕಚೇರಿ' ಎಂದು. ಕಚೇರಿ ಮುಚ್ಚುವ ಮಾತು ಅಲ್ಲಿಗೆ ಮುಗಿಯಿತು. ಫಲಕವನ್ನು ಗೋಡೆಗೆ ಏರಿಸುವ ದಿನ ಒಂದು ಪುಟ್ಟ ಸಮಾರಂಭ ಇಟ್ಟುಕೊಂಡೆವು. ಬಲೂನು ಕಟ್ಟಿ ಅಲಂಕರಿಸೋಣವೆಂದು ಕೆಂಡಣ್ಣ ಚೀಲ ಬಿಚ್ಚಿದ. ಊದಲು ಯಾರೂ ಮುಂದೆ ಬರಲಿಲ್ಲ. ಎಲ್ಲರಿಗೂ ಬೇರೆ ಬೇರೆ ಜರೂರು ಕೆಲಸಗಳಿದ್ದವು.

ಆಗಲೇ ಅಮ್ಮ ಡಬ್ಬಿ ಹಿಡಿದು ಬಂದರು. ಅವರನ್ನು ಕಂಡದ್ದೇ ಡಾಕ್ಟರಮ್ಮನ ಕಣ್ಣು ಮಿಂಚಿತು. ಒಂದು ಬಲೂನು ತಂದು ಅವರ ಕೈಗೆ ಕೊಟ್ಟರು.

"ಅಮ್ಮ, ಇದನ್ನ ಒಂದೇ ಉಸಿರಿಗೆ ಊದ್ತೀರಾ? ಇವರೆಲ್ಲ ನೋಡ್ಲಿ."

"ಊದೋಣ ಬಿಡಿ, ಒಲೆ ಊದೀ ಊದೀ ಮುದುಕಿಯಾದವಳು," ಎಂದು ಅಮ್ಮ ಡಬ್ಬಿಯನ್ನು ಕಂಕುಳಲ್ಲಿ ಇಟ್ಟುಕೊಂಡು ಊದತೊಡಗಿದರು.

ಬಲೂನು ನಿಂಬೆಹಣ್ಣಾಯಿತು. ಕಿತ್ತಳೆಯಾಯಿತು. ತೆಂಗಿನಕಾಯಿಯಾಯಿತು. ಅಕ್ಷರಗಳು ಒಂದೊಂದಾಗಿ ನಿದ್ದೆಯಿಂದೆದ್ದ ಹಾಗೆ ಕೈಕಾಲು ಚಾಚಿದವು. ರಸ್ತೆಯಲ್ಲಿ ಹೋಗುತ್ತಿದ್ದ ಯಾರೋ ಒಬ್ಬ ಬಾಗಿಲಲ್ಲಿ ನಿಂತು 'ಉಸಿರು ಉಳಿಸಿ' ಎಂದು ಗಟ್ಟಿಯಾಗಿ ಓದಿಯೇ ಬಿಟ್ಟ. ಅಮ್ಮ ಇನ್ನೂ ಊದುತ್ತಲೇ ಇದ್ದರು. ಬಲೂನು ಢಬ್ ಎಂದು ಒಡೆಯಿತು, ನಿರ್ದೇಶಕರ ಬಾಯಿಂದ ಹುಕ್ಕಾದ ಕೊಳವೆ ಕೆಳಗೆ ಬಿತ್ತು.

ಡಾಕ್ಟರಮ್ಮ ಚಪ್ಪಾಳೆ ತಟ್ಟಿದರು. "ನೋಡಿದ್ರಾ? ಇದು ಆರೋಗ್ಯ!"

ನಿರ್ದೇಶಕರು ಗಾಜಿನ ಬಟ್ಟಲಲ್ಲಿದ್ದ ನಿಂಬೆಹಣ್ಣನ್ನು ನೋಡಿದರು. ನೆಲದ ಮೇಲಿನ ಬಲೂನಿನ ಚೂರುಗಳನ್ನು ನೋಡಿದರು. "ನಿಯಮದ ಪ್ರಕಾರ ಇದು ಸಾಮಾನ್ಯ ಅಲ್ಲವಲ್ಲಮ್ಮ," ಎಂದರು. "ಸರ್ಕಾರಿ ಸ್ವತ್ತು ಬೇರೆ ಹಾಳಾಯ್ತು. ಇಷ್ಟು ಉಸಿರು ಒಬ್ಬರ ಹತ್ರ ಇರೋದು ಸರೀನಾ? ಇದಕ್ಕೇನಂತೀರಿ?"

ಡಾಕ್ಟರಮ್ಮನಿಗೆ ರೇಗಿಹೋಯಿತು. "ಏನಂತೀನಾ? ನೀವೆಲ್ಲ ಆರೋಗ್ಯವಂತರು, ಈ ಅಮ್ಮನಿಗೇ ಭಾರೀ ಕಾಯಿಲೆ ಅಂತ ಬರ್ಕೊಳ್ಳಿ! ಉಸಿರು ಜಾಸ್ತಿಯಾಗಿದೆ, ಔಷಧಿ ಕೊಡಿಸಿ! ಸಾಕಾ?"

ಸಮಾರಂಭವೂ ಸಭೆಯೇ. ವೈದ್ಯಾಧಿಕಾರಿಗಳು ಬರೆದುಕೊಳ್ಳಿ ಎಂದಿದ್ದರು. ನನ್ನ ಕೈ ಒಂದು ಸಲ ತಡೆಯಿತು, ಯಾಕೆಂದರೆ ಹೆತ್ತವ್ವ. ಆದರೆ ಇಷ್ಟು ವರ್ಷ ಯಾರ ಮಾತನ್ನೂ ಬಿಡದೆ ಬರೆದವನು ಸ್ವಂತ ತಾಯಿಯೆಂದು ಬಿಟ್ಟರೆ ಪಕ್ಷಪಾತವಾಗುತ್ತದೆ. ಬರೆದೆ: 'ಹೆಡ್ ಗುಮಾಸ್ತರ ತಾಯಿಯವರಿಗೆ ಹೆಚ್ಚುವರಿ ಉಸಿರಿನ ಭಾರೀ ಕಾಯಿಲೆ ಇರುವುದನ್ನು ವೈದ್ಯಾಧಿಕಾರಿಗಳು ಪತ್ತೆಹಚ್ಚಿದರು. ಕಚೇರಿಯ ಉಳಿದೆಲ್ಲರೂ ಆರೋಗ್ಯವಂತರೆಂದು ದೃಢಪಡಿಸಿದರು.'

ನಡಾವಳಿಯನ್ನು ಸಹಿಗೆ ಇಟ್ಟಾಗ ಡಾಕ್ಟರಮ್ಮ ಓದಿದರು. ಇನ್ನೊಮ್ಮೆ ಓದಿದರು. ಆಮೇಲೆ ನಗಲು ಶುರುಮಾಡಿದರು. ನಕ್ಕೂ ನಕ್ಕೂ ಕಣ್ಣಲ್ಲಿ ನೀರು ಸುರಿಯುವಾಗಲೇ ಸಹಿ ಹಾಕಿ, ಎರವಲು ಸಾಕೆಂದು ಆಸ್ಪತ್ರೆಗೆ ವಾಪಸು ಹೋಗುವ ಅರ್ಜಿಯನ್ನೂ ಕೊಟ್ಟರು. ಅಷ್ಟು ಹೊತ್ತು ಬಿಡದೆ ನಗುವುದಕ್ಕೆ ಅವರಲ್ಲೂ ಉಸಿರು ಬೇಕಾದಷ್ಟಿರುವುದನ್ನು ನಾನು ಗಮನಿಸಿದ್ದೇನೆ. ಕಾಯಿಲೆ ಅಂಟುವಂಥದ್ದಿರಬಹುದು.

ಮುಂದಿನ ಕ್ರಮಗಳು ಚಕಚಕನೆ ನಡೆದವು. ಹೆಚ್ಚುವರಿ ಉಸಿರುಳ್ಳವರು ಸಾರ್ವಜನಿಕ ಸ್ಥಳದಲ್ಲಿ ನಿಲ್ಲದೆ ಮೆಟ್ಟಿಲು ಹತ್ತತಕ್ಕದ್ದಲ್ಲ; ಒಂದೇ ಉಸಿರಿಗೆ ದೀಪ ಆರಿಸತಕ್ಕದ್ದಲ್ಲ; ಮಕ್ಕಳನ್ನು ಬೈಯುವಾಗ ನಡುನಡುವೆ ವಿಶ್ರಾಂತಿ ಪಡೆಯತಕ್ಕದ್ದು. ಇಂಥವರ ಕಣ್ಣಿಗೆ ಬಿದ್ದು ಆಸೆ ಹುಟ್ಟಿಸಬಾರದೆಂದು ಕಚೇರಿಯ ಮೆಟ್ಟಿಲಿಗೆ ಬೀಗ ಬಿದ್ದದ್ದು ಆಗಲೇ. ನಿರ್ದೇಶಕರು ದೊಡ್ಡ ಮನಸ್ಸು ಮಾಡಿ, ಅಮ್ಮನನ್ನು ಹುಕ್ಕಾದ ಮುಂದೆ ದಿನಾ ಸ್ವಲ್ಪ ಹೊತ್ತು ಉಚಿತವಾಗಿ ಕೂರಿಸಿದರೆ ಕ್ರಮೇಣ ಸಾಮಾನ್ಯ ಸ್ಥಿತಿಗೆ ಬಂದಾರು ಎಂದರು. ಕೆಂಡಣ್ಣ ಕುರ್ಚಿ ತಂದೇ ಬಿಟ್ಟ.

ಅಮ್ಮ ಕುರ್ಚಿಯನ್ನೂ ನೋಡಿದರು, ನನ್ನನ್ನೂ ನೋಡಿದರು. ಬೈಯುತ್ತಾರೆಂದು ನಾನು ಕಾದೆ. ಬೈಯಲಿಲ್ಲ.

"ಬೇಡ ಸ್ವಾಮಿ," ಎಂದರು ನಿರ್ದೇಶಕರಿಗೆ. "ನಿಮ್ಮ ಹೊಗೆ ನಿಮಗೇ ಇರ್ಲಿ. ಈ ಕಾಯಿಲೆ ನಂಗೆ ರೂಢಿಯಾಗಿದೆ." ಆಮೇಲೆ ನನಗೆ, "ಎದ್ದೇಳು, ಮನೆಗೆ ಹೋಗೋಣ. ಆ ನಿನ್ನ ಹೆಗಲ ಚೀಲ ಇತ್ತ ಕೊಡು."

ರೋಗಿಯ ಕೈಗೆ ಚೀಲ ಕೊಡುವುದು ಸರಿಯಲ್ಲ ಎನಿಸಿತು. ಆದರೆ ನನ್ನ ಎರಡೂ ಕೈ ಗೋಡೆ ಪರಿಶೀಲಿಸುತ್ತಿದ್ದುದರಿಂದ ಹೆಗಲಿನಿಂದ ತೆಗೆದುಕೊಳ್ಳಲು ಬಿಟ್ಟೆ.

ದಾರಿಯಲ್ಲಿ ನಾನು ನಿಂತಲ್ಲೆಲ್ಲ ಅಮ್ಮನೂ ನಿಂತರು. ನಮ್ಮ ಮನೆ ಮಹಡಿಯ ಮೇಲಿದೆ. ಮೆಟ್ಟಿಲ ಬುಡಕ್ಕೆ ಬಂದು ನಾನು ಮೊದಲನೆಯದರ ಮೇಲೆ ಕುಳಿತೆ. ಕೆಳಗಿನ ಮನೆಯಾಕೆ ಬಟ್ಟೆ ಒಣಗಿಸುತ್ತಿದ್ದವರು ವಿಚಾರಿಸಿದರು. ನಾನು ತುಂಡು ತುಂಡಾಗಿ ವಿಷಯ ತಿಳಿಸಿದೆ.

"ಅಯ್ಯೋ ಪಾಪ," ಎಂದು ಆಕೆ ಅಮ್ಮನ ಕಡೆ ಮರುಕದಿಂದ ನೋಡಿದರು. "ಈ ವಯಸ್ಸಲ್ಲಿ ಅಷ್ಟೊಂದು ಉಸಿರು ಇಟ್ಕೊಂಡು ಹೇಗೆ ತಡ್ಕೋತೀರಮ್ಮ? ಮಗ ಕಚೇರೀಲಿದ್ದಿದ್ದಕ್ಕೆ ಗೊತ್ತಾದ್ರೂ ಆಯ್ತು."

"ಹೌದಮ್ಮ, ನನ್ನ ಪುಣ್ಯ," ಎಂದರು ಅಮ್ಮ. ಡಬ್ಬಿಯನ್ನೂ ಚೀಲವನ್ನೂ ಒಂದು ಕೈಗೆ ಹಾಕಿಕೊಂಡು ಇನ್ನೊಂದು ಕೈಯಿಂದ ನನ್ನ ತಲೆ ಸವರಿದರು. ಹಾಗೆ ಸವರಿ ಎಷ್ಟು ವರ್ಷವಾಗಿತ್ತೋ. "ನೀನು ಇಟ್ಟ ಆಣೆ ಇದೆಯಲ್ಲ, ನನ್ನ ಹೊರ್ತೀನಿ ಅಂತ. ಅದನ್ನ ಬಿಟ್ಬಿಡು ಮಗನೇ. ಆ ದಿನ ಬಂದಾಗ ನಾನೇ ನಡ್ಕೊಂಡು ಹೋಗ್ತೀನಿ. ನೀನು ಹಿಂದೆ ಕೂತು ಕೂತು ಬಾ."

ಹೇಳಿ, ನಿಯಮವನ್ನು ಗಾಳಿಗೆ ತೂರಿ, ಎಲ್ಲೂ ನಿಲ್ಲದೆ ಮೇಲಕ್ಕೆ ಹತ್ತಿಹೋದರು. ಸ್ವಲ್ಪ ಹೊತ್ತಿಗೆ ಮೇಲಿನಿಂದ, "ಬಂದ್ಯೇನೋ?" ಎಂದು ಕೂಗಿದರು. ಬಂದೆ ಎನ್ನುವುದಕ್ಕೆ ಸಾಮಾನ್ಯ ಉಸಿರು ಸಾಲಲಿಲ್ಲ. ಆದ್ದರಿಂದ ಕುಳಿತಲ್ಲಿಂದಲೇ ಕೈ ಎತ್ತಿ ಹಾಜರಿ ಕೊಟ್ಟೆ. ಕೆಳಗಿನ ಮನೆಯಾಕೆ ಅದನ್ನು ನೋಡಿ, ಅಮ್ಮನಿಗೆ ಬೇಗ ಗುಣವಾಗಲಿ ಎಂದು ನನಗೆ ಸಮಾಧಾನ ಹೇಳಿ ಬಟ್ಟೆ ಒಣಗಿಸುವುದನ್ನು ಮುಂದುವರಿಸಿದರು.